ತೆನೆಯ ಜೋನಿ, ಕಣಜದ ಕರಿಕಾಳು



ಸಜ್ಜೆಯೋ ಜೋಳವೋ ಹೂ ಬಿಡುವ ಹೊತ್ತಿಗೆ ಸರಿಯಾಗಿ ನಾಲ್ಕು ದಿನ ಮೋಡ ಮುಚ್ಚಿ, ತುಂತುರು ಹಿಡಿದು, ಬೆಳಗಿನ ಇಬ್ಬನಿ ಹತ್ತು ಗಂಟೆಯಾದರೂ ಆರದೆ ಹೋದರೆ, ಸುಮಾರು ಒಂದು ವಾರದಲ್ಲಿ ತೆನೆಯ ಮೇಲೆ ಅಂಟಂಟಾದ ಹನಿಗಳು ಕಾಣಿಸಿಕೊಳ್ಳುವುದುಂಟು. ಮುಟ್ಟಿದರೆ ಬೆರಳಿಗೆ ಹತ್ತುತ್ತದೆ. ಇರುವೆ, ನೊಣಗಳು ಮುತ್ತುತ್ತವೆ. ನಮ್ಮ ಸುತ್ತಲಿನವರು ತಮಿಳಿನಲ್ಲಿ ಇದನ್ನು ‘ತೇನ್ ಒಳುಗಲ್’ ಎನ್ನುತ್ತಾರೆ. ಜೇನು ಒಸರುವುದು ಎಂದು ಅದರ ಅರ್ಥ. ಮನೆಯಲ್ಲಿ ಕನ್ನಡ ಆಡುವ ನಮಗೆ ಜೋನಿ ರೋಗ ಎಂದರೆ ಬೇಗ ತಿಳಿಯುತ್ತದೆ, ಏಕೆಂದರೆ ಆ ರಸ ನೋಡಲು ಜೋನಿಬೆಲ್ಲದ ಹಾಗೆಯೇ ಇರುತ್ತದೆ. ವಿಜ್ಞಾನದ ಪುಸ್ತಕಗಳಲ್ಲಿ ಇದರ ಹೆಸರು ಅರ್ಗಟ್. ಈ ರೋಗವನ್ನು ತರುವುದು ಕ್ಲಾವಿಸೆಪ್ಸ್ ಎಂಬ ಕುಲಕ್ಕೆ ಸೇರಿದ ಸೂಕ್ಷ್ಮ ಶಿಲೀಂಧ್ರ, ಅಂದರೆ ಬೂಷ್ಟಿನ ಜಾತಿಯ ಜೀವಿ.

ಕಾರಮಡೈ ಸುತ್ತಮುತ್ತ ಈಗ ಬಾಳೆ, ಕರಿಬೇವು, ತೆಂಗುಗಳದೇ ಮೇಲುಗೈ. ಸಜ್ಜೆಯನ್ನು, ಅಂದರೆ ಕಂಬನ್ನು, ಬಿತ್ತುವ ಮನೆಗಳು ಕಡಿಮೆಯಾಗಿವೆ. ಜೋಳವನ್ನು ಹೆಚ್ಚಿನವರು ದನದ ಮೇವಿಗೆಂದು ಬಿತ್ತುತ್ತಾರೆ. ಹಾಗಿರುವಾಗ ಈ ರೋಗದ ಮಾತೇಕೆ ಎಂದು ಕೇಳಬಹುದು. ವಿಶ್ವಸಂಸ್ಥೆಯು 2023ನೇ ವರ್ಷವನ್ನು ಅಂತಾರಾಷ್ಟ್ರೀಯ ಸಿರಿಧಾನ್ಯ ವರ್ಷವೆಂದು ಆಚರಿಸಿದ ಮೇಲೆ ಕಂಬಿನ ಕೂಳಿಗೂ ಸಜ್ಜೆ ರೊಟ್ಟಿಗೂ ಹಳೆಯ ಮರ್ಯಾದೆ ಮರಳಿ ಬಂದಿದೆ. ಸಕ್ಕರೆ ಕಾಯಿಲೆಯವರು ಸಂತೆಯಿಂದ ಕಂಬು ತಂದು ನೇರವಾಗಿ ಗಿರಣಿಗೆ ಹಾಕಿಸುತ್ತಾರೆ. ಧಾನ್ಯ ಮರಳಿ ಬಂದಿತು, ಆದರೆ ಅದರೊಂದಿಗೆ ಇರಬೇಕಾದ ಮೊರ ಮಾತ್ರ ಬರಲಿಲ್ಲ. ಅಜ್ಜಿಯರು ಜಗಲಿಯ ಮೇಲೆ ಕುಳಿತು ಸಜ್ಜೆಯಿಂದ ಆರಿಸಿ ಎಸೆಯುತ್ತಿದ್ದ ಆ ಕರಿಕಾಳುಗಳು ಏನೆಂದು ಇಂದಿನ ಎಳೆಯರಿಗೆ ಗೊತ್ತಿಲ್ಲ. ಅದನ್ನು ತಿಳಿದುಕೊಳ್ಳುವುದಕ್ಕಾಗಿಯೇ ಈ ತಿಂಗಳ ಪಾಠ.

ಪರಾಗದ ದಾರಿಯಲ್ಲಿ ಬರುವ ಕಳ್ಳ

ಕ್ಲಾವಿಸೆಪ್ಸ್ ಎಂದರೆ ಲ್ಯಾಟಿನ್ ಭಾಷೆಯಲ್ಲಿ ಗದೆಯಂತಹ ತಲೆಯುಳ್ಳದ್ದು ಎಂದು ಅರ್ಥ. ಈ ಕುಲದಲ್ಲಿ 50ಕ್ಕೂ ಹೆಚ್ಚು ಜಾತಿಗಳಿವೆ. ಇವು ಮುಖ್ಯವಾಗಿ ಹುಲ್ಲಿನ ವಂಶದ ಗಿಡಗಳನ್ನು, ಅಪರೂಪಕ್ಕೆ ಜೇಕಿನಂತಹವನ್ನು, ಹಿಡಿಯುತ್ತವೆ. ಬಾಳೆಗೆ, ಹತ್ತಿಗೆ, ಕರಿಬೇವಿಗೆ ಇವುಗಳ ಭಯವಿಲ್ಲ. ಇನ್ನೊಂದು ವಿಚಿತ್ರವೆಂದರೆ, ತುಕ್ಕು ರೋಗದಂತೆ ಇವು ಎಲೆಯನ್ನು ಮುಟ್ಟುವುದಿಲ್ಲ, ಬೇರನ್ನೂ ಕಾಂಡವನ್ನೂ ಕೆಡಿಸುವುದಿಲ್ಲ. ಗಿಡ ಹಚ್ಚಹಸಿರಾಗಿ, ಆರೋಗ್ಯವಾಗಿ ನಿಂತಿರುತ್ತದೆ. ಹೂವಿನೊಳಗೆ ಕಾಳಾಗಬೇಕಾದ ಆ ಪುಟ್ಟ ಅಂಡಾಶಯ ಒಂದನ್ನೇ ಇವು ವಶಪಡಿಸಿಕೊಳ್ಳುತ್ತವೆ.

ಹೇಗೆ ಎಂಬುದನ್ನು ನಿಧಾನವಾಗಿ ನೋಡೋಣ, ಏಕೆಂದರೆ ರೈತನು ಮಾಡಬೇಕಾದುದೆಲ್ಲ ಇದರ ಮೇಲೆಯೇ ನಿಂತಿದೆ. ಹೂವಿನಿಂದ ಗರಿಯಂತಹ ಒಂದು ಎಳೆ ಹೊರಗೆ ಚಾಚಿಕೊಳ್ಳುತ್ತದೆ. ಪಠ್ಯಪುಸ್ತಕದಲ್ಲಿ ಇದಕ್ಕೆ ಶಲಾಕಾಗ್ರ ಎನ್ನುತ್ತಾರೆ. ಗಾಳಿಯಲ್ಲಿ ತೇಲಿಬಂದ ಪರಾಗ ಅದರ ಮೇಲೆ ಕುಳಿತು, ನೂಲಿನಷ್ಟೂ ದಪ್ಪವಿಲ್ಲದ ನಾಳವೊಂದನ್ನು ಕೆಳಗಿಳಿಸಿ ಅಂಡಾಶಯವನ್ನು ಸೇರುತ್ತದೆ. ಆಗ ಕಾಳು ಕಟ್ಟುತ್ತದೆ. ಶಿಲೀಂಧ್ರದ ಬೀಜಕಣವೂ ಅದೇ ಎಳೆಯ ಮೇಲೆ ಕುಳಿತು, ಅದೇ ದಾರಿಯಲ್ಲಿ ತನ್ನ ಎಳೆಯನ್ನು ಇಳಿಸುತ್ತದೆ. ಮದುವೆ ಮನೆಗೆ ವರನ ವೇಷದಲ್ಲಿ ಬಂದವನಂತೆ ಎನ್ನಬಹುದು. ಯಾರು ಮೊದಲು ತಲುಪುತ್ತಾರೋ ಅವರದೇ ಗೆಲುವು. ಪರಾಗ ಮೊದಲು ತಲುಪಿದರೆ ಆ ಎಳೆ ಬಾಡಿ ಮುದುಡುತ್ತದೆ, ಬಾಗಿಲು ಮುಚ್ಚುತ್ತದೆ. ಆಮೇಲೆ ಬಂದ ಬೀಜಕಣ ಏನೂ ಮಾಡಲಾರದು.

ಸಜ್ಜೆಯಲ್ಲಿ ಒಂದು ದೌರ್ಬಲ್ಯವಿದೆ. ಅದರ ತೆನೆಯಲ್ಲಿ ಶಲಾಕಾಗ್ರಗಳು ಮೊದಲು ಹೊರಬರುತ್ತವೆ, ಪರಾಗ ಚೆಲ್ಲುವ ಕೇಸರಗಳು ಎರಡು ಮೂರು ದಿನ ತಡವಾಗಿ ಬರುತ್ತವೆ. ಆ ಎರಡು ಮೂರು ದಿನ ಬಾಗಿಲು ತೆರೆದೇ ಇರುತ್ತದೆ. ಬಿಸಿಲಿದ್ದರೆ ಪಕ್ಕದ ತೆನೆಗಳಿಂದ ಪರಾಗ ಹಾರಿ ಬಂದು ಕೆಲಸ ಮುಗಿಸುತ್ತದೆ. ಮಳೆ ಹಿಡಿದರೆ ಪರಾಗ ನೆನೆದು ನೆಲಕ್ಕೆ ಬೀಳುತ್ತದೆ. ತಂಪು, ತೇವ ಇದ್ದರೆ ಶಿಲೀಂಧ್ರಕ್ಕೆ ಹಬ್ಬ. ಹೆಚ್ಚು ಇಳುವರಿಯ ಹೈಬ್ರಿಡ್ ಬೀಜವನ್ನು ಉತ್ಪಾದಿಸುವ ತಾಕುಗಳಲ್ಲಿ ಹೆಣ್ಣು ಸಾಲಿನ ಗಿಡಗಳಿಗೆ ಸ್ವಂತ ಪರಾಗವೇ ಇರುವುದಿಲ್ಲ. ಗಂಡು ಸಾಲು ಹೂ ಬಿಡುವುದು ನಾಲ್ಕು ದಿನ ತಡವಾಯಿತೆಂದರೆ ಹೆಣ್ಣು ಸಾಲಿಗೆ ಸಾಲೇ ಜೋನಿ ಸುರಿಸುವುದನ್ನು ಕಾಣಬಹುದು. ಕಂಪನಿಗಳಿಗೆ ಬೀಜ ಬೆಳೆದುಕೊಡಲು ಒಪ್ಪಂದ ಮಾಡಿಕೊಳ್ಳುವವರು ಈ ಮಾತನ್ನು ಮೊದಲೇ ಕೇಳಿ ತಿಳಿದಿರಬೇಕು, ನಷ್ಟ ಯಾರ ಪಾಲಿಗೆ ಎಂಬುದನ್ನೂ ಸೇರಿಸಿ.

ಒಳಹೊಕ್ಕ ಶಿಲೀಂಧ್ರ ಅಂಡಾಶಯವನ್ನು ತಿಂದು ತಾನು ಬೆಳೆಯುತ್ತದೆ. ಕಾಳಿಗೆಂದು ಗಿಡ ಕಳುಹಿಸಿದ ಸಕ್ಕರೆ ನೀರು ಹೊರಕ್ಕೆ ಒಸರುತ್ತದೆ. ಅದೇ ಜೋನಿ. ಸಜ್ಜೆಯಲ್ಲಿ ಇದು ತಿಳಿಗುಲಾಬಿ ಬಣ್ಣದ್ದು, ಆಮೇಲೆ ಕಂದಾಗುತ್ತದೆ. ಒಂದು ಹನಿಯಲ್ಲಿ ಲೆಕ್ಕವಿಲ್ಲದಷ್ಟು ಬೀಜಕಣಗಳಿರುತ್ತವೆ. ಮಳೆಯ ಹನಿ ಚಿಮ್ಮಿದಾಗ, ನೊಣ ಕಾಲೂರಿ ಹಾರಿದಾಗ, ಒಂದು ತೆನೆ ಇನ್ನೊಂದಕ್ಕೆ ತಾಗಿದಾಗ ರೋಗ ಹರಡುತ್ತದೆ. ಜೋಳದಲ್ಲಿ ಇನ್ನೊಂದು ಚಮತ್ಕಾರವಿದೆ. ಹನಿಯ ಮೇಲ್ಮೈಯಲ್ಲಿ ಬಿಳಿಯ ಹಿಟ್ಟಿನಂತಹ ಪದರ ಮೂಡುತ್ತದೆ. ಅದೂ ಬೀಜಕಣಗಳೇ, ಆದರೆ ಇವು ಗಾಳಿಗೆ ಹಾರಬಲ್ಲವು. ಜೋಳದ ರೋಗ ದೂರದ ಹೊಲಗಳಿಗೂ ಬೇಗ ಹಬ್ಬುವುದು ಇದರಿಂದಲೇ. ಕೆಲವು ದಿನಗಳ ಮೇಲೆ ಈ ಜೋನಿಯ ಮೇಲೆ ಬೇರೊಂದು ಕರಿಬೂಷ್ಟು ಬೆಳೆದು ತೆನೆಯೆಲ್ಲ ಮಸಿ ಬಳಿದಂತೆ ಕಾಣುವುದೂ ಉಂಟು.

ಜೋನಿ ಕಂಡ ಎರಡು ಮೂರು ವಾರಗಳಲ್ಲಿ, ಕಾಳು ಇರಬೇಕಾದ ಜಾಗದಲ್ಲಿ ಗಟ್ಟಿಯಾದ ಒಂದು ಕೊಂಬಿನಂತಹ ವಸ್ತು ಬಲಿಯುತ್ತದೆ. ಸಜ್ಜೆಯಲ್ಲಿ ಇದು ಕಪ್ಪು ಅಥವಾ ಕಡುಗಂದು, ಕಾಳಿಗಿಂತ ದೊಡ್ಡದು, ತುದಿ ಚೂಪು. ಜೋಳದಲ್ಲಿ ಇನ್ನೂ ಉದ್ದ, ಸ್ವಲ್ಪ ಬಾಗಿರುತ್ತದೆ. ಫ್ರೆಂಚ್ ಭಾಷೆಯಲ್ಲಿ ಅರ್ಗಟ್ ಎಂದರೆ ಹುಂಜದ ಕಾಲಿನ ಹಿಂಬದಿಯ ಮುಳ್ಳು. ಆಕಾರ ನೋಡಿಯೇ ಇಟ್ಟ ಹೆಸರು. ಇದು ಕಾಳಲ್ಲ. ಶಿಲೀಂಧ್ರವೇ ಒತ್ತಾಗಿ ಸುತ್ತಿಕೊಂಡು ಬೇಸಿಗೆ ಕಳೆಯಲು ಮಾಡಿಕೊಂಡ ಗಂಟು. ನೆಲಕ್ಕೆ ಬಿದ್ದದ್ದು ಮುಂದಿನ ಮಳೆಗೆ ಚಿಗುರಿ, ಗುಂಡುಸೂಜಿಯಂತಹ ಪುಟ್ಟ ಗದೆಗಳನ್ನು ಮೇಲೆತ್ತಿ ಬೀಜಕಣಗಳನ್ನು ಗಾಳಿಗೆ ಬಿಡುತ್ತದೆ. ಚೀಲಕ್ಕೆ ಬಿದ್ದದ್ದು ಬಿತ್ತನೆ ಬೀಜದೊಂದಿಗೆ ಹೊಸ ಹೊಲಕ್ಕೆ ಹೋಗುತ್ತದೆ, ಇಲ್ಲವೇ ಅಡಿಗೆ ಮನೆಗೆ.

ಇದನ್ನು ಬೇರೆ ರೋಗಗಳೊಂದಿಗೆ ಬೆರೆಸಬೇಡಿರಿ. ಕಾಡಿಗೆ ರೋಗದಲ್ಲಿ ಕಾಳನ್ನು ಒತ್ತಿದರೆ ಕರಿಪುಡಿ ಹಾರುತ್ತದೆ. ಅರ್ಗಟ್ ಕರಿಕಾಳು ಗಟ್ಟಿ, ಮುರಿದರೆ ಒಳಗೆ ಪುಡಿ ಇರುವುದಿಲ್ಲ. ಜೋಳದ ಎಲೆಯ ಮೇಲೆ ಅಂಟು ಕಂಡರೆ ಅದು ಹೆಚ್ಚಾಗಿ ಸಸ್ಯಹೇನಿನ ಕೆಲಸ. ಅರ್ಗಟ್ ಜೋನಿ ಹೂವಿನೊಳಗಿಂದಲೇ ಒಸರಬೇಕು.

ಕೊಯಮತ್ತೂರಿನಲ್ಲಿ ತೊಡಗಿ ಕರ್ನಾಟಕದಲ್ಲಿ ಮುಗಿದ ಹುಡುಕಾಟ

ಈ ರೋಗದ ಚರಿತ್ರೆಯಲ್ಲಿ ನಮ್ಮ ಊರ ಪಕ್ಕದ ಕೊಯಮತ್ತೂರಿಗೆ ದೊಡ್ಡ ಪಾಲಿದೆ ಎಂಬುದು ಹೆಚ್ಚಿನವರಿಗೆ ತಿಳಿಯದು. ಇಲ್ಲಿನ ಕೃಷಿ ಕಾಲೇಜು ಶುರುವಾದದ್ದು 1906ರಲ್ಲಿ. ಅದೇ 1971ರಲ್ಲಿ ತಮಿಳುನಾಡು ಕೃಷಿ ವಿಶ್ವವಿದ್ಯಾಲಯವಾಯಿತು. ಮದ್ರಾಸ್ ಸರ್ಕಾರದ ಶಿಲೀಂಧ್ರ ತಜ್ಞರಾಗಿದ್ದ ಮೆಕ್‌ರೇ ಎಂಬವರು 1915ರಲ್ಲಿ ಜೋಳದ ಈ ಸಕ್ಕರೆ ರೋಗವನ್ನು ಗುರುತಿಸಿ, 1917ರಲ್ಲಿ ಸ್ಫಸೀಲಿಯಾ ಸೊರ್ಗೈ ಎಂಬ ಹೆಸರಿನಲ್ಲಿ ವರ್ಣಿಸಿದರು. ಆದರೆ ಅವರು ಕಂಡದ್ದು ಜೋನಿಯ ಅವಸ್ಥೆಯನ್ನು ಮಾತ್ರ. ಜೋಳದಲ್ಲಿ ಗಟ್ಟಿ ಕೊಂಬುಗಳು ಬಲಿಯುವುದನ್ನು ಇಲ್ಲಿಯ ಟಿ. ಎಸ್. ರಾಮಕೃಷ್ಣನ್ 1948ರಲ್ಲಿ ಪ್ರಕಟಿಸಿದರು. ಆ ಕೊಂಬನ್ನು ಚಿಗುರಿಸಿ, ಗದೆ ಏಳುವುದನ್ನು ಕಂಡು, ಇದು ನಿಜವಾಗಿಯೂ ಕ್ಲಾವಿಸೆಪ್ಸ್ ಕುಲದ್ದೇ ಎಂದು ತೋರಿಸಿಕೊಟ್ಟವರು ಕರ್ನಾಟಕದ ಕೃಷಿ ವಿಜ್ಞಾನಿಗಳಾದ ಕುಲಕರ್ಣಿ, ಶೇಷಾದ್ರಿ ಮತ್ತು ಹೆಗ್ಡೆ. ಅವರ ಲೇಖನ 1976ರಲ್ಲಿ ಮೈಸೂರು ಕೃಷಿ ವಿಜ್ಞಾನ ಪತ್ರಿಕೆಯಲ್ಲಿ ಬಂದಿತು. ಅಂದಿನಿಂದ ಅದಕ್ಕೆ ಕ್ಲಾವಿಸೆಪ್ಸ್ ಸೊರ್ಗೈ ಎಂಬ ಹೆಸರು. ಕಣ್ಣಿಗೆ ಕಾಣದ ಒಂದು ಜೀವಿಯ ಪೂರ್ತಿ ಬಾಳನ್ನು ತಿಳಿಯಲು ಹೆಚ್ಚು ಕಡಿಮೆ 60 ವರ್ಷ ಹಿಡಿಯಿತು. ವಿಜ್ಞಾನಿಗಳು ನಿಧಾನ ಎಂದು ಗೊಣಗುವವರು ಇದನ್ನು ನೆನೆಯಲಿ. ಅವರೇನೂ ಸುಮ್ಮನೆ ಕುಳಿತಿರಲಿಲ್ಲ.

ಸಜ್ಜೆಯದು ಬೇರೆ ಜಾತಿ. ದಕ್ಷಿಣ ಭಾರತದ ಹುಲ್ಲುಗಳಲ್ಲಿ ಅರ್ಗಟ್ ತಾನಾಗಿ ಬರುವುದನ್ನು ಕೊಯಮತ್ತೂರಿನ ಇದೇ ತಜ್ಞರು 1940ರ ದಶಕದಲ್ಲಿಯೇ ಬರೆದಿಟ್ಟಿದ್ದರು. ಆದರೆ ಅದು ದೊಡ್ಡ ಪಿಡುಗಾಗಿ ಎದ್ದದ್ದು 1956ರಲ್ಲಿ, ಆಗಿನ ಮುಂಬಯಿ ರಾಜ್ಯದ ಸತಾರಾ ಸೀಮೆಯಲ್ಲಿ. ಆ ರಾಜ್ಯದ ದಕ್ಷಿಣ ಭಾಗದಲ್ಲಿ ರೋಗ ಹಿಡಿದ ಸಜ್ಜೆಯ ರೊಟ್ಟಿ ತಿಂದು ಜನ ಕಾಯಿಲೆ ಬಿದ್ದರು. 1958ರಲ್ಲಿ ವೈದ್ಯರು ಇದನ್ನು ಪತ್ರಿಕೆಯಲ್ಲಿ ದಾಖಲಿಸಿದರು. 1975ರಲ್ಲಿ ಪಶ್ಚಿಮ ರಾಜಸ್ಥಾನದ ಹಳ್ಳಿಗಳಲ್ಲಿ ಮತ್ತೆ ಹಾಗೆಯೇ ಆಯಿತು. ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆಯವರು ಹೋಗಿ ಪರಿಶೀಲಿಸಿ ಕಾರಣ ಕಂಡುಹಿಡಿದರು. ಉಂಡ ಸ್ವಲ್ಪ ಹೊತ್ತಿಗೆ ಹೊಟ್ಟೆ ತೊಳಸುವುದು, ಮೇಲಿಂದ ಮೇಲೆ ವಾಂತಿ, ತಲೆ ಸುತ್ತು, ಆಮೇಲೆ ಮಂಪರು. ಹೆಚ್ಚಿನವರು ಒಂದೆರಡು ದಿನಗಳಲ್ಲಿ ಚೇತರಿಸಿಕೊಂಡರು. ಈ ಶಿಲೀಂಧ್ರಕ್ಕೆ ಕ್ಲಾವಿಸೆಪ್ಸ್ ಫ್ಯೂಸಿಫಾರ್ಮಿಸ್ ಎಂಬ ಹೆಸರು 1967ರಲ್ಲಿ ಬಂದಿತು.

ಸಂತ ಅಂತೋಣಿಯ ಬೆಂಕಿ

ಯೂರೋಪಿನಲ್ಲಿ ಇದೇ ಕುಲದ ಮೂರನೆಯ ಜಾತಿ ಮಾಡಿದ ಅನಾಹುತಕ್ಕೆ ಹೋಲಿಸಿದರೆ ನಮ್ಮದು ಸಣ್ಣದು. ಅಲ್ಲಿಯ ಬಡವರ ಧಾನ್ಯ ರೈ. ಅದರ ತೆನೆಯಲ್ಲಿ ಬರುವುದು ಕ್ಲಾವಿಸೆಪ್ಸ್ ಪರ್ಪೂರಿಯಾ. ಇದರ ವಿಷ ರಕ್ತನಾಳಗಳನ್ನು ಹಿಂಡಿ ಬಿಗಿಯುತ್ತದೆ. ಕೈಕಾಲುಗಳಿಗೆ ರಕ್ತ ಹರಿಯದೆ, ಮೊದಲು ಬೆಂಕಿಯಲ್ಲಿಟ್ಟಂತೆ ಉರಿ, ಆಮೇಲೆ ಕಪ್ಪಾಗಿ ಒಣಗಿ, ಕಡೆಗೆ ಬೆರಳು, ಪಾದಗಳೇ ಕಳಚಿ ಬೀಳುತ್ತಿದ್ದವು. ಕೆಲವರಿಗೆ ಸೆಳೆತ, ಬುದ್ಧಿ ಭ್ರಮಣೆ. 857ನೇ ಇಸವಿಯಲ್ಲಿ ರೈನ್ ನದಿಯ ಬಳಿಯ ಕ್ಸಾಂಟನ್ ಎಂಬಲ್ಲಿಯ ವರ್ಷಚರಿತ್ರೆಯಲ್ಲಿ ಇಂತಹ ವ್ಯಾಧಿಯ ಉಲ್ಲೇಖವಿದೆ. ಜನ ಇದನ್ನು ಸಂತ ಅಂತೋಣಿಯ ಬೆಂಕಿ ಎಂದು ಕರೆದರು.

ಇಲ್ಲಿ ಅಂತೋಣಿ ಎಂದರೆ ನಾವು ಜೂನ್ 13ರಂದು ಹಬ್ಬ ಆಚರಿಸುವ, ಬಾಲಯೇಸುವನ್ನು ಎತ್ತಿಕೊಂಡ ಪಾದುವಾದ ಅಂತೋಣಿಯಲ್ಲ. ಈಜಿಪ್ಟಿನ ಮರುಭೂಮಿಯಲ್ಲಿ ತಪಸ್ಸು ಮಾಡಿದ ಮಠಾಧಿಪತಿ ಅಂತೋಣಿ, ತಮಿಳಿನವರು ವನತ್ತು ಅಂತೋಣಿಯಾರ್ ಎನ್ನುವ ಸಂತರು. ಅವರ ಹಬ್ಬ ಜನವರಿ 17ಕ್ಕೆ, ಪೊಂಗಲ್ ಕಳೆದ ಕೂಡಲೇ ಬರುತ್ತದೆ. ದನಕರುಗಳ ಆಶೀರ್ವಾದವೂ ಅವರ ಹೆಸರಿನಲ್ಲಿಯೇ. ಅವರ ಪವಿತ್ರ ಅವಶೇಷಗಳಿದ್ದ ಫ್ರಾನ್ಸಿನ ಒಂದು ಹಳ್ಳಿಯಲ್ಲಿ, ಸುಮಾರು 1095ರಲ್ಲಿ, ಈ ರೋಗಿಗಳ ಸೇವೆಗೆಂದೇ ಒಂದು ಸಹೋದರರ ಕೂಟ ಶುರುವಾಯಿತು. ಅದು ಬೆಳೆದು ಯೂರೋಪಿನ ಉದ್ದಗಲಕ್ಕೂ ಆಸ್ಪತ್ರೆಗಳನ್ನು ನಡೆಸಿತು. ಅಲ್ಲಿ ಬಂದ ರೋಗಿಗಳಿಗೆ ಪ್ರಾರ್ಥನೆ, ಮುಲಾಮು, ಅಗತ್ಯವಿದ್ದರೆ ಶಸ್ತ್ರಚಿಕಿತ್ಸೆ, ಅದರೊಂದಿಗೆ ಒಳ್ಳೆಯ ಧಾನ್ಯದ ರೊಟ್ಟಿ. ಊರಿನ ಕೆಟ್ಟ ರೈ ರೊಟ್ಟಿ ಬಿಟ್ಟು ಆಸ್ಪತ್ರೆಯ ಶುದ್ಧ ರೊಟ್ಟಿ ತಿಂದವರು ಅನೇಕರು ಗುಣವಾದರು. ಕಾರಣ ಆ ಸಹೋದರರಿಗೂ ತಿಳಿದಿರಲಿಲ್ಲ. ಇದು ಪವಾಡವೋ ರೊಟ್ಟಿಯೋ ಎಂದು ವಾದ ಹೂಡುವವರಿದ್ದಾರೆ. ಹಸಿದ ರೋಗಿಗೆ ಶುದ್ಧ ರೊಟ್ಟಿ ಕೊಡುವುದು ದೇವರ ಕೆಲಸವಲ್ಲವೆಂದು ನನಗೇನೂ ಅನಿಸುವುದಿಲ್ಲ.

ಇಸೆನ್‌ಹೈಮ್ ಎಂಬಲ್ಲಿಯ ಇದೇ ಸಭೆಯ ಆಸ್ಪತ್ರೆಗಾಗಿ ಗ್ರ್ಯೂನೆವಾಲ್ಡ್ ಎಂಬ ಕಲಾವಿದ 1512ರಿಂದ 1516ರ ನಡುವೆ ಬರೆದ ಬಲಿಪೀಠದ ಚಿತ್ರಗಳು ಇಂದು ಫ್ರಾನ್ಸಿನ ಕೊಲ್ಮಾರ್ ನಗರದಲ್ಲಿವೆ. ಶಿಲುಬೆಯ ಮೇಲಿನ ಯೇಸುಸ್ವಾಮಿಯ ಮೈಯೆಲ್ಲ ಹುಣ್ಣು. ಹಾಸಿಗೆ ಹಿಡಿದ ರೋಗಿಗಳು ನೋಡಲೆಂದೇ ಬರೆದ ಚಿತ್ರ ಅದು.

ಬೆಂಕಿಯ ಕಾರಣ ಕರಿಕಾಳು ಎಂಬುದು ನಿಧಾನವಾಗಿ ಹೊಳೆಯಿತು. ಫ್ರಾನ್ಸಿನ ಟ್ಯುಲಾನ್ ಎಂಬ ವಿಜ್ಞಾನಿ 1853ರಲ್ಲಿ ಈ ಶಿಲೀಂಧ್ರದ ಜೀವನಚಕ್ರವನ್ನು, ಜೋನಿಯೂ ಕರಿಕಾಳೂ ಗದೆಯೂ ಒಂದೇ ಜೀವಿಯ ಮೂರು ರೂಪಗಳೆಂಬುದನ್ನು, ಬಿಡಿಸಿ ಹೇಳಿದರು.

ಹೆರಿಗೆ ಮನೆಯಲ್ಲಿ

ಇದೇ ವಿಷದಿಂದ ಔಷಧವೂ ಬಂದಿದೆ. ಇದನ್ನು ಹೇಳದೆ ಬಿಡುವಂತಿಲ್ಲ, ಏಕೆಂದರೆ ಅರ್ಧ ಕೇಳಿದ ಮಾತು ಅಪಾಯ ತರುತ್ತದೆ. ಕರಿಕಾಳು ಗರ್ಭಕೋಶವನ್ನು ಬಲವಾಗಿ ಹಿಂಡುತ್ತದೆ ಎಂಬುದು ಯೂರೋಪಿನ ಸೂಲಗಿತ್ತಿಯರಿಗೆ ಬಹಳ ಹಿಂದೆಯೇ ಗೊತ್ತಿತ್ತು. 1582ರ ಒಂದು ಜರ್ಮನ್ ಗಿಡಮೂಲಿಕೆ ಪುಸ್ತಕದಲ್ಲಿ ಇದರ ಪ್ರಸ್ತಾಪವಿದೆ. 1808ರಲ್ಲಿ ಅಮೆರಿಕದ ವೈದ್ಯ ಜಾನ್ ಸ್ಟರ್ನ್ಸ್ ಇದನ್ನು ಬೇಗ ಹೆರಿಗೆ ಮಾಡಿಸುವ ಪುಡಿ ಎಂದು ಹೊಗಳಿ ಬರೆದರು. ಕೆಲವೇ ವರ್ಷಗಳಲ್ಲಿ ಹೊಟ್ಟೆಯಲ್ಲೇ ಸತ್ತ ಮಕ್ಕಳ, ಗರ್ಭಕೋಶ ಹರಿದ ತಾಯಂದಿರ ಸಂಖ್ಯೆ ಏರಿತು. ಇದು ಹೆರಿಗೆಯ ಪುಡಿಯಲ್ಲ, ಸಾವಿನ ಪುಡಿ ಎಂದು ಹೊಸಾಕ್ ಎಂಬ ಇನ್ನೊಬ್ಬ ವೈದ್ಯರು ಎಚ್ಚರಿಸಿದರು. ಒಂದು ಕರಿಕಾಳಿನಲ್ಲಿ ಎಷ್ಟು ವಿಷವಿದೆ ಎಂದು ಕಣ್ಣಿನಿಂದ ಹೇಳಲಾಗದು. ಒಂದರಲ್ಲಿ ಇಲ್ಲದ್ದು ಇನ್ನೊಂದರಲ್ಲಿ ಹತ್ತು ಪಟ್ಟು ಇರಬಹುದು.

1935ರಲ್ಲಿ ಲಂಡನ್ನಿನಲ್ಲಿ ಡಡ್ಲಿ ಮತ್ತು ಮೊಯರ್ ಎಂಬವರು ಕರಿಕಾಳಿನಿಂದ ಅರ್ಗೊಮೆಟ್ರಿನ್ ಎಂಬ ಶುದ್ಧ ವಸ್ತುವನ್ನು ಬೇರ್ಪಡಿಸಿದರು. ಮಗು ಹುಟ್ಟಿದ ಮೇಲೆ ರಕ್ತ ನಿಲ್ಲದೆ ಹರಿಯುವಾಗ ಗರ್ಭಕೋಶವನ್ನು ಬಿಗಿಗೊಳಿಸಿ ತಾಯಿಯ ಪ್ರಾಣ ಉಳಿಸಿದ ಔಷಧ ಇದು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಹೊರದೇಶದ ಸರಕು ಬರುವುದು ನಿಂತಾಗ, ನಮ್ಮ ಕಣ್ಣೆದುರಿಗಿರುವ ಈ ನೀಲಗಿರಿಯ ಮೇಲೆ ರೈ ಬೆಳೆದು, ಬೇಕೆಂದೇ ಅದಕ್ಕೆ ರೋಗ ಅಂಟಿಸಿ, ಕರಿಕಾಳು ಕೊಯ್ದು ಔಷಧಕ್ಕೆ ಕಳುಹಿಸುವ ಕೆಲಸ ನಡೆಯಿತು. ಕೆಳಗಿನ ಬಯಲಿನಲ್ಲಿ ರೈತರು ಬೇಡವೆಂದು ಹೋರಾಡಿದ್ದನ್ನು ಮೇಲಿನ ಬೆಟ್ಟದಲ್ಲಿ ಬೇಕೆಂದು ಬೆಳೆದರು! ಇಂದು ಆಸ್ಪತ್ರೆಗಳಲ್ಲಿ ಈ ಕೆಲಸಕ್ಕೆ ಮೊದಲ ಆಯ್ಕೆ ಆಕ್ಸಿಟೋಸಿನ್. ಅರ್ಗಟ್ ವಂಶದ ಮಿಥೈಲ್ ಅರ್ಗೊಮೆಟ್ರಿನ್ ಸಹ ಬಳಕೆಯಲ್ಲಿದೆ, ಆದರೆ ರಕ್ತದೊತ್ತಡ ಹೆಚ್ಚಿರುವ ತಾಯಂದಿರಿಗೆ ಕೊಡುವುದಿಲ್ಲ. ನಿಮ್ಮ ಮನೆಯ ಬಸುರಿಗೆ ರಕ್ತದೊತ್ತಡ ಇದೆ ಎಂದು ತಿಳಿದಿದ್ದರೆ ಹೆರಿಗೆಗೆ ಸೇರಿಸುವಾಗಲೇ ಅದನ್ನು ಬಾಯಿಬಿಟ್ಟು ಹೇಳಿರಿ.

ಹೊಲದ ಕರಿಕಾಳನ್ನು ಅರೆದು ಮದ್ದು ಮಾಡುವ ಯೋಚನೆ ಯಾರಿಗೂ ಬಾರದಿರಲಿ. ಬಸುರಿಯರೂ ಬಾಣಂತಿಯರೂ ಇರುವ ಮನೆಯಲ್ಲಿ ಆರಿಸದ ಸಜ್ಜೆಯನ್ನು ಬೀಸಲೇಬಾರದು.

ದನಕರುಗಳ ವಿಷಯವೂ ಹೀಗೆಯೇ. ಈ ಕುಲದ ವಿಷಗಳಲ್ಲಿ ಕೆಲವು ಹಾಲು ಇಳಿಸುವ ರಸವನ್ನು ಕಟ್ಟಿಬಿಡುತ್ತವೆ. 1950ರ ದಶಕದಲ್ಲಿ, ಇಂದು ಜಿಂಬಾಬ್ವೆ ಎನ್ನುವ ದೇಶದಲ್ಲಿ, ಕರಿಕಾಳಿದ್ದ ಸಜ್ಜೆ ತಿಂದ ಹಂದಿಗಳ ಕೆಚ್ಚಲು ಬತ್ತಿತು. ಜೋಳದ ಆಫ್ರಿಕಾ ಜಾತಿಯ ಅರ್ಗಟ್ 1995ರಲ್ಲಿ ಬ್ರೆಜಿಲ್, 1996ರಲ್ಲಿ ಆಸ್ಟ್ರೇಲಿಯಾ, 1997ರಲ್ಲಿ ಅಮೆರಿಕ ಹೀಗೆ ಮೂರೇ ವರ್ಷದಲ್ಲಿ ಭೂಮಿ ಸುತ್ತಿತು. ಆಸ್ಟ್ರೇಲಿಯಾದಲ್ಲಿಯೂ ಹಂದಿಗಳ ಹಾಲು ನಿಂತಿತು. ನಮ್ಮ ಹಳೆಯ ಜೋಳದ ಜಾತಿಯಲ್ಲಿ ವಿಷ ಅಷ್ಟಿಲ್ಲ. ಆದರೆ ಈಚಿನ ಪರೀಕ್ಷೆಗಳಲ್ಲಿ ಆಫ್ರಿಕಾ ಜಾತಿ ಭಾರತದಲ್ಲೂ ಇರುವುದು ಕಂಡುಬಂದಿದೆ. ಆದ್ದರಿಂದ ಜೋನಿ ಸುರಿದ ಜೋಳದ ತೆನೆಗಳನ್ನು ಕರೆಯುವ ಹಸುವಿಗೂ ತುಂಬುಗಬ್ಬದ ಹಸುವಿಗೂ ಹಾಕಬಾರದು. ತೆನೆ ಕತ್ತರಿಸಿ ತೆಗೆದು, ಉಳಿದ ಕಡ್ಡಿಯನ್ನು ಮೇವಿಗೆ ಬಳಸಬಹುದು.

ಮಾಡಬೇಕಾದ ಕೆಲಸ

ಮೊದಲನೆಯದು ಬೀಜ. 10 ಲೀಟರ್ ನೀರಿಗೆ 1 ಕಿಲೋ ಕಲ್ಲುಪ್ಪು ಕರಗಿಸಿರಿ. ಬಿತ್ತನೆ ಸಜ್ಜೆಯನ್ನು ಸ್ವಲ್ಪ ಸ್ವಲ್ಪವಾಗಿ ಅದರಲ್ಲಿ ಸುರಿದು ಕೈಯಾಡಿಸಿರಿ. ಕರಿಕಾಳು ಹಗುರ, ಮೇಲೆ ತೇಲುತ್ತದೆ, ಜೊಳ್ಳೂ ತೇಲುತ್ತದೆ. ತೇಲಿದ್ದನ್ನು ಬಾಚಿ ಸುಟ್ಟುಬಿಡಿ, ತಿಪ್ಪೆಗೆ ಎಸೆಯಬೇಡಿ, ಕೋಳಿಗೂ ಹಾಕಬೇಡಿ. ಮುಳುಗಿದ ಬೀಜವನ್ನು ಒಳ್ಳೆಯ ನೀರಿನಲ್ಲಿ ಎರಡು ಮೂರು ಸಲ ತೊಳೆದು ನೆರಳಿನಲ್ಲಿ ಒಣಗಿಸಿರಿ. ಉಪ್ಪು ಉಳಿದರೆ ಮೊಳಕೆ ಕೆಡುತ್ತದೆ, ಆದುದರಿಂದ ತೊಳೆಯುವುದರಲ್ಲಿ ಜಿಪುಣತನ ಬೇಡ. ಇಷ್ಟು ಅಗ್ಗದ ಉಪಾಯವನ್ನು ಬಿಟ್ಟು ನಾವು ಅಂಗಡಿಯ ಬಾಟಲಿಗೆ ಮೊದಲು ಕೈಹಾಕುವುದೇಕೆ ಎಂಬುದು ನನಗೆ ಅರ್ಥವಾಗದ ಸಂಗತಿ.

ಎರಡನೆಯದು ಭೂಮಿ. ಕಳೆದ ಸಲ ರೋಗ ಬಂದ ಹೊಲವನ್ನು ಬೇಸಿಗೆಯಲ್ಲಿ ಆಳವಾಗಿ ಉತ್ತು, ಬಿದ್ದ ಕರಿಕಾಳುಗಳನ್ನು ಮಣ್ಣಿನಡಿಗೆ ತಳ್ಳಬೇಕು. ಆಳದಲ್ಲಿರುವುದು ಚಿಗುರಿದರೂ ಮೇಲೆ ಬರಲಾರದು. ಮರುವರ್ಷ ಅಲ್ಲಿ ಅವರೆ, ಹೆಸರು, ನೆಲಗಡಲೆ ಹಾಕಿದರೆ ಇನ್ನೂ ಒಳಿತು. ಬದುಗಳಲ್ಲಿ, ಕಾಂಗೇಯಂ, ಧಾರಾಪುರದ ಕಡೆಯವರ ಕೊರಂಗಾಡುಗಳಲ್ಲಿ ಬೆಳೆಯುವ ಕೊಳುಕ್ಕಟ್ಟೈ ಹುಲ್ಲಿಗೂ ಸಜ್ಜೆಯ ಈ ಶಿಲೀಂಧ್ರ ಹತ್ತುತ್ತದೆ. ದನಕ್ಕೆ ಅದು ಒಳ್ಳೆಯ ಮೇವು, ಕಿತ್ತೆಸೆಯಿರಿ ಎಂದು ನಾನು ಹೇಳುವುದಿಲ್ಲ. ಸಜ್ಜೆ ಹೊಲದ ಬದುವಿನಲ್ಲಿದ್ದರೆ ಹೂ ಬಿಡುವ ಮೊದಲೇ ಕೊಯ್ದು ಹಾಕಿರಿ.

ಮೂರನೆಯದು ಕಾಲ. ಹೂ ಬಿಡುವ ವಾರ ಐಪ್ಪಸಿ ಮಳೆಯ ನಡುವೆ ಬೀಳದಂತೆ ಬಿತ್ತನೆಯ ದಿನವನ್ನು ಹಿಂದೆ ಮುಂದೆ ಮಾಡಿಕೊಳ್ಳಬೇಕು. ಮಳೆ ನಮ್ಮ ಕೈಯಲ್ಲಿಲ್ಲ, ನಿಜ. ಆದರೂ ನೀರಾವರಿ ಇರುವವರಿಗೆ ಇದು ಸಾಧ್ಯ. ಒಂದೇ ಹೊಲವನ್ನು ಮೂರು ಕಂತಿನಲ್ಲಿ ಬಿತ್ತಬೇಡಿ. ಮೊದಲು ಬಿತ್ತಿದ್ದರ ಜೋನಿ ತಡವಾಗಿ ಬಿತ್ತಿದ್ದರ ಹೂವಿಗೆ ಹಾರುತ್ತದೆ. ಎಲ್ಲ ತೆನೆಗಳೂ ಒಟ್ಟಿಗೆ ಹೂ ಬಿಟ್ಟರೆ ಪರಾಗ ಧಾರಾಳವಾಗಿ ಸಿಕ್ಕಿ ಬಾಗಿಲುಗಳು ಬೇಗ ಮುಚ್ಚುತ್ತವೆ.

ಸಿಂಪರಣೆ ಕಡೆಯ ಮಾತು. ವಿಶ್ವವಿದ್ಯಾಲಯದವರು ಮ್ಯಾಂಕೋಜೆಬ್ ಅಥವಾ ಕಾರ್ಬೆಂಡಾಜಿಮ್‌ನಂತಹ ಮದ್ದನ್ನು ನೂರಕ್ಕೆ 5ರಿಂದ 10 ತೆನೆ ಹೂ ಬಿಟ್ಟಾಗ ಒಮ್ಮೆ, ಅರ್ಧ ಹೂ ಬಿಟ್ಟಾಗ ಇನ್ನೊಮ್ಮೆ ಹೊಡೆಯಲು ಹೇಳುತ್ತಾ ಬಂದಿದ್ದಾರೆ. ಔಷಧಗಳ ಅನುಮತಿ ಬದಲಾಗುತ್ತಿರುತ್ತದೆ, ಆದುದರಿಂದ ಬಿತ್ತುವ ವರ್ಷದ ಸಲಹೆಯನ್ನು ಕೃಷಿ ಇಲಾಖೆಯ ಕಚೇರಿಯಲ್ಲೋ, ವಿವೇಕಾನಂದಪುರದ ಅವಿನಾಶಿಲಿಂಗಂ ಕೃಷಿ ವಿಜ್ಞಾನ ಕೇಂದ್ರದಲ್ಲೋ ಕೇಳಿಯೇ ತೀರ್ಮಾನಿಸಿರಿ. ಜೋನಿ ಸುರಿಯತೊಡಗಿದ ಮೇಲೆ ಹೊಡೆದರೆ ಆ ಕಾಳುಗಳೇನೂ ಮರಳಿ ಬಾರವು. ಆಗ ಮಾಡಬೇಕಾದದ್ದು, ರೋಗದ ತೆನೆಗಳನ್ನು ಚೀಲ ಹೊದಿಸಿ ಕತ್ತರಿಸಿ ಹೊಲದಿಂದಾಚೆ ಸುಡುವುದು. ಕೊಯ್ಲಿನಲ್ಲಿಯೂ ಅವನ್ನು ಮೊದಲು ಪ್ರತ್ಯೇಕವಾಗಿ ತೆಗೆಯಿರಿ. ಒಮ್ಮೆ ಕಣದಲ್ಲಿ ತುಳಿದು ಬೆರೆಸಿದ ಮೇಲೆ ಕೆಲಸ ನೂರ್ಮಡಿ.

ಇನ್ನು ಅಡಿಗೆ ಮನೆ. ನಮ್ಮ ದೇಶದ ಆಹಾರ ಕಾನೂನಿನ ಪ್ರಕಾರ ಧಾನ್ಯದಲ್ಲಿ ಅರ್ಗಟ್ ಹಿಡಿದ ಕಾಳು ತೂಕದಲ್ಲಿ ನೂರಕ್ಕೆ 0.05 ಭಾಗ ಮೀರಬಾರದು. ಅಂದರೆ ಒಂದು ಕಿಲೋ ಸಜ್ಜೆಯಲ್ಲಿ ಅರ್ಧ ಗ್ರಾಂ. ಇದು ಬೆರಳ ತುದಿಯಲ್ಲಿ ನಿಲ್ಲುವಷ್ಟು. ಕೊಂಡು ತಂದ ಕಂಬನ್ನು ಬಿಳಿ ಬಟ್ಟೆಯ ಮೇಲೆ ಹರಡಿ ನೋಡಿರಿ. ಜರಡಿ ಹಿಡಿದು, ಮೊರದಲ್ಲಿ ಕೇರಿ, ಕರಿಕಾಳು ಆರಿಸಿರಿ. ಬಹಳ ಕಂಡರೆ ಬೀಜಕ್ಕೆ ಹೇಳಿದ ಉಪ್ಪುನೀರಿನ ಉಪಾಯವನ್ನೇ ಮಾಡಿ, ಚೆನ್ನಾಗಿ ತೊಳೆದು ಬಿಸಿಲಿಗೆ ಒಣಗಿಸಿರಿ. ಅದಾದ ಮೇಲೂ ಕರಿಕಾಳು ಉಳಿದಿದ್ದರೆ ಆ ಚೀಲವನ್ನು ಅಂಗಡಿಗೆ ಹಿಂದಿರುಗಿಸಿರಿ. ಇದೆಲ್ಲ ಬೀಸುವ ಮೊದಲು ಆಗಬೇಕು. ಹಿಟ್ಟಾದ ಮೇಲೆ ಯಾರ ಕಣ್ಣಿಗೂ ಕಾಣದು, ಬೇಯಿಸಿದರೂ ಸುಟ್ಟರೂ ವಿಷ ಪೂರ್ತಿ ಹೋಗದು. ಔಷಧ ಸವರಿದ ಬಿತ್ತನೆ ಬೀಜ ಉಳಿಯಿತೆಂದು ಅದನ್ನು ತೊಳೆದು ತಿನ್ನುವ ಸಾಹಸವನ್ನೂ ಮಾಡಬೇಡಿ. ಅದು ಬೇರೆಯೇ ವಿಷ.

ಸಜ್ಜೆಯ ಊಟವಾದ ಒಂದೆರಡು ಗಂಟೆಯಲ್ಲಿ ಮನೆಯ ಹಲವರಿಗೆ ಒಟ್ಟಿಗೆ ವಾಂತಿ, ತಲೆ ಸುತ್ತು, ಮಂಪರು ಕಂಡರೆ ಆ ಹಿಟ್ಟನ್ನು ಕೂಡಲೇ ನಿಲ್ಲಿಸಿರಿ. ನೀರು, ಉಪ್ಪು ಸಕ್ಕರೆಯ ಪಾನಕ ಕೊಡುತ್ತ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಕರೆದೊಯ್ಯಿರಿ. ಬಸುರಿಯರಿದ್ದರೆ, ಕೈಕಾಲು ತಣ್ಣಗಾಗಿ ಜೋಮು ಹಿಡಿದರೆ, ಒಂದು ಗಂಟೆಯೂ ತಡ ಮಾಡಬೇಡಿ. ಹೋಗುವಾಗ ಅದೇ ಚೀಲದ ಒಂದು ಹಿಡಿ ಕಾಳನ್ನೂ ಹಿಟ್ಟನ್ನೂ ಕಾಗದದಲ್ಲಿ ಕಟ್ಟಿ ಕೊಂಡೊಯ್ದು ವೈದ್ಯರಿಗೆ ತೋರಿಸಿರಿ. ಅವರು ಈ ರೋಗವನ್ನು ಪುಸ್ತಕದಲ್ಲಿ ಓದಿರುತ್ತಾರೆ, ಕರಿಕಾಳನ್ನು ಕಣ್ಣಾರೆ ನೋಡಿರುವವರು ವಿರಳ.